ಸ್ವಲ್ಪ ಹಂಗಿರಲಿ

ಪುಟ್ಟಿ,

ಮೊನ್ನೆ ಫೋನಿನಲ್ಲಿ ಹೇಳಿದೆಯಲ್ಲ, "ಬೆಂಗಳೂರಲ್ಲಿ ಒಂದು ಆರಾಮ ದೊಡ್ಡಜ್ಜಿ, ಯಾರ ಹಂಗೂ ಇಲ್ಲ" ಅಂತ. ಊಟ ಬಾಗಿಲಿಗೆ ಬರುತ್ತದೆ, ಬಟ್ಟೆ ಒಗೆಯಲು ಒಯ್ಯುವವನೂ ಬಾಗಿಲಿಗೇ ಬರುತ್ತಾನೆ, ಆಟೋದವರ ಹತ್ತಿರ ಚೌಕಾಸಿ ಇಲ್ಲ, ಪಿ.ಜಿ. ಓನರಿನ ಮುಖ ನೋಡದೆಯೇ ಬಾಡಿಗೆ ಹೋಗಿಬಿಡುತ್ತದೆ. "ಒಳ್ಳೇದಾಯ್ತು ಬಿಡೇ" ಅಂದೆ ನಾನು. ಹೊಸ ಕೆಲಸ, ಹೊಸ ಸಂಬಳ. ಹುಡುಗಿಯ ಹುರುಪಿಗೆ ತಣ್ಣೀರೆರಚುವುದು ಬೇಡ ಅನ್ನಿಸಿತು. ಆದರೆ ಆ ಮಾತನ್ನು ನಾನು ಒಪ್ಪಿಲ್ಲ. ಫೋನಿನಲ್ಲೇ ಹೇಳಹೊರಟರೆ ನೀನು "ಹೂಂ, ಹೂಂ" ಅನ್ನುತ್ತ ಇನ್ನೇನನ್ನೋ ಒತ್ತುತ್ತಿರುತ್ತೀಯ. ಅದಕ್ಕೇ ಬರೆಯುತ್ತಿದ್ದೇನೆ.

ಹೇಳಬೇಕಾದದ್ದು ಇಷ್ಟು: ಈ ಊರಿನಲ್ಲಿ ನಾಲ್ಕು ಜನರ ಹಂಗು ಇಟ್ಟುಕೋ. ನಾಲ್ಕು ಜನಕ್ಕೆ ನಿನ್ನ ಹಂಗೂ ಇರಲಿ. ಯಾರ ಹಂಗು, ಎಷ್ಟು ಅನ್ನುವುದನ್ನು ಮಾತ್ರ ನೀನೇ ಆರಿಸಿಕೋ. ಆರಿಸಿಕೊಳ್ಳುವ ಭಾಗ್ಯ ನಮಗಿರಲಿಲ್ಲ.

ನಾನು ಟೆಲಿಫೋನ್ಸ್‌ಗೆ ಸೇರಿದ್ದು ಎಪ್ಪತ್ತರ ದಶಕದ ಆರಂಭದಲ್ಲಿ, ಟ್ರಂಕ್ ಬೋರ್ಡಿನ ಆಪರೇಟರ್ ಆಗಿ. ದಾವಣಗೆರೆಗೋ ಮಂಗಳೂರಿಗೋ ಮಾತಾಡಬೇಕಾದವರು ಮೊದಲು ಕಾಲ್ ಬುಕ್ ಮಾಡಬೇಕಿತ್ತು. ಆರ್ಡಿನರಿ, ಅರ್ಜೆಂಟ್, ಲೈಟ್ನಿಂಗ್ ಎಂದು ಮೂರು ದರ. ನಾವು ಚೀಟಿ ಬರೆದುಕೊಂಡು, ಲೈನು ಸಿಕ್ಕಾಗ ಜೋಡಿಸಿ, ಮೂರು ನಿಮಿಷವಾದ ಕೂಡಲೇ ನಡುವೆ ಬಾಯಿ ಹಾಕಿ ಮುಂದುವರಿಸುತ್ತೀರಾ ಎಂದು ಕೇಳಬೇಕು. ಆಗ ಮನೆಯಲ್ಲಿ ಫೋನಿದ್ದವರು ಎಷ್ಟು ಜನ! ದೇಶಕ್ಕೆಲ್ಲ ಫೋನು ಮಾಡಿಕೊಡುವ ಐ.ಟಿ.ಐ. ಕಾರ್ಖಾನೆ 1948ರಿಂದ ಇದೇ ಊರಿನಲ್ಲಿತ್ತು. ಊರಿನವರು ಮಾತ್ರ ಅರ್ಜಿ ಹಾಕಿ ವರ್ಷಗಟ್ಟಲೆ ಕಾಯುತ್ತಿದ್ದರು. ಬೀದಿಗೊಂದೋ ಎರಡೋ ಫೋನು. ಹಾಗಾಗಿ ಲಗ್ನಪತ್ರಿಕೆ, ವಿಸಿಟಿಂಗ್ ಕಾರ್ಡು, ಕೆಲಸದ ಅರ್ಜಿ ಎಲ್ಲದರಲ್ಲೂ ನಂಬರಿನ ಪಕ್ಕ ‘ಪಿ.ಪಿ.’ ಎಂದು ಬರೆದಿರುತ್ತಿತ್ತು. ಫೋನು ನಮ್ಮದಲ್ಲ, ಪಕ್ಕದವರದು, ಕರೆದುಕೊಡುತ್ತಾರೆ ಎಂದು ಅದರ ಅರ್ಥ.

ರಾಜಾಜಿನಗರದ ನಮ್ಮ ವಠಾರಕ್ಕೆಲ್ಲ ಎದುರು ಮನೆಯ ಸೊಸೈಟಿ ಅಂಗಡಿಯವರದೇ ಫೋನು. ಆ ಮನೆಯಾಕೆ ಒಲೆಯ ಮೇಲಿನ ಸಾರು ಇಳಿಸಿಟ್ಟು, ರಸ್ತೆ ದಾಟಿ, ಗೇಟಿನಲ್ಲಿ ನಿಂತು ಕೂಗಬೇಕು. ನಾವು ಓಡಿಹೋಗಿ ಅವರ ಹಜಾರದಲ್ಲಿ, ಅವರ ಮನೆಯವರೆಲ್ಲರ ಎದುರಿಗೆ ಮಾತಾಡಬೇಕು. ನಿನ್ನ ಅಮ್ಮ ಹುಟ್ಟಿದ ಸುದ್ದಿ ನನಗೆ ಬಂದದ್ದು ಆ ಫೋನಿಗೇ. ಆಕೆಯೇ ಸಕ್ಕರೆ ಡಬ್ಬಿ ತಂದು ಬಾಯಿಗೆ ಹಾಕಿದರು.

ಇಷ್ಟು ಕೇಳಿ "ಎಷ್ಟು ಚೆನ್ನಾಗಿತ್ತಲ್ಲ ಆ ಕಾಲ" ಅನ್ನಬೇಡ. ಸಕ್ಕರೆ ಹಾಕಿದ ಕೈಯೇ ಇನ್ನೊಂದು ದಿನ ಗಂಡಸಿನ ದನಿಯ ಕಾಲ್ ಬಂತೆಂದು ವಠಾರಕ್ಕೆಲ್ಲ ಸುದ್ದಿ ಹಂಚಿತು. ಫೋನ್ ಮಾಡಿದ್ದವರು ನಮ್ಮ ಆಫೀಸಿನ ಸೂಪರ್‌ವೈಸರು, ಪಾಳಿ ಬದಲಾಗಿದೆ ಎಂದು ಹೇಳಲು. ರಾತ್ರಿ ಪಾಳಿ ಮುಗಿಸಿ ಬೆಳಗಿನ ಬಸ್ಸಿನಲ್ಲಿ ಬಂದಿಳಿಯುವ ಮದುವೆಯಾಗದ ಹೆಂಗಸಿಗೆ ಮನೆ ಕೊಡುವವರಿರಲಿಲ್ಲ. ಯಾವ ಜನ, ಏನು ತಿನ್ನುತ್ತೀರಿ, ಯಾರು ಯಾರು ಬಂದುಹೋಗುತ್ತಾರೆ ಎಂಬ ಪ್ರಶ್ನೆಗಳು ಮುಗಿದ ಮೇಲೇ ಅಡ್ವಾನ್ಸಿನ ಮಾತು. ಈ ಪ್ರಶ್ನೆಗಳು ಈಗಲೂ ಪೂರ್ತಿ ಹೋಗಿಲ್ಲ ಎಂದು ನಿನ್ನ ಗೆಳತಿಯರನ್ನು ಕೇಳಿದರೆ ಗೊತ್ತಾಗುತ್ತದೆ. ಆದರೂ ರಾತ್ರಿ ಹನ್ನೊಂದಕ್ಕೆ ಬಂದರೂ ಯಾರೂ ಏನೂ ಕೇಳುವುದಿಲ್ಲ ಅಂದೆಯಲ್ಲ, ಅದೊಂದಕ್ಕೆ ನಾನು ಈ ಊರಿಗೆ ಕೈಮುಗಿಯುತ್ತೇನೆ. ಗುರುತು ಸಿಗದಂತೆ ಬದುಕುವ ಸ್ವಾತಂತ್ರ್ಯ ಹೆಣ್ಣುಮಕ್ಕಳಿಗೆ ಸುಮ್ಮನೆ ಸಿಕ್ಕಿದ್ದಲ್ಲ. ಅದನ್ನು ಯಾವ ಅಜ್ಜಿಯ ಮಾತು ಕೇಳಿಯೂ ಬಿಟ್ಟುಕೊಡಬೇಡ.

ಬಿಟ್ಟುಕೊಡದೆಯೇ ಇನ್ನೊಂದನ್ನು ಗಳಿಸಿಕೋ ಅನ್ನುತ್ತಿದ್ದೇನೆ.

ದುಡ್ಡು ಕೊಟ್ಟು ಪಡೆದದ್ದಕ್ಕೆ ಲೆಕ್ಕ ಅಲ್ಲಿಗೇ ಚುಕ್ತಾ. ಅದು ಒಳ್ಳೆಯದೇ. ಆದರೆ ಎಲ್ಲರ ಜತೆಗೂ ಎಲ್ಲ ಲೆಕ್ಕವೂ ದಿನದಿನವೂ ಚುಕ್ತಾ ಆಗಿಬಿಟ್ಟರೆ ನಾಳೆ ಅವರನ್ನು ನೋಡಲು ಕಾರಣವೇ ಉಳಿಯುವುದಿಲ್ಲ. ಬಿ.ಟಿ.ಎಸ್. ಬಸ್ಸಿನಲ್ಲಿ ಕಂಡಕ್ಟರು ಚಿಲ್ಲರೆ ಇಲ್ಲದಿದ್ದರೆ ಟಿಕೆಟ್ಟಿನ ಬೆನ್ನಿಗೆ ಬಾಕಿ ಬರೆದುಕೊಡುತ್ತಿದ್ದರು; 1997ರಲ್ಲಿ ಅದು ಬಿ.ಎಂ.ಟಿ.ಸಿ. ಆದಮೇಲೂ ಆ ಪದ್ಧತಿ ಬಹಳ ಕಾಲ ಇತ್ತು. ಅಂಗಡಿಯಲ್ಲಿ "ಚಿಲ್ಲರೆ ನಾಳೆ ಕೊಡಿ ಮೇಡಂ" ಅನ್ನುತ್ತಿದ್ದರು. ಆ ಚಿಲ್ಲರೆಗಾಗಿ ಆದ ಜಗಳಗಳನ್ನೂ ನೋಡಿದ್ದೇನೆ, ಇಳಿಯುವ ಗಡಿಬಿಡಿಯಲ್ಲಿ ಎಷ್ಟೋ ಬಾಕಿ ಕಳೆದುಕೊಂಡಿದ್ದೇನೆ. ಆದರೂ ‘ನಾಳೆ ಕೊಡಿ’ ಅನ್ನುವವನು ನೀನು ನಾಳೆ ಬರುತ್ತೀಯ ಎಂದು ನಂಬಿದ್ದ. 2016ರಲ್ಲಿ ಯು.ಪಿ.ಐ. ಬಂದಮೇಲೆ ಪೈಸೆಯವರೆಗೆ ಲೆಕ್ಕ ಸರಿ. ಇಷ್ಟು ರೂಪಾಯಿ ಬಂತು ಎಂದು ಡಬ್ಬವೇ ಕೂಗುತ್ತದೆ. ಅಂಗಡಿಯವನು ಬಾಯಿ ಬಿಡಬೇಕಾಗಿಲ್ಲ, ನೀನೂ ತಲೆ ಎತ್ತಬೇಕಾಗಿಲ್ಲ.

ಆದ್ದರಿಂದ ನಿನ್ನ ಬೀದಿಯಲ್ಲಿ ಒಂದು ಅಂಗಡಿಯನ್ನು ನಿನ್ನದು ಮಾಡಿಕೋ. ಮಿಕ್ಕದ್ದನ್ನೆಲ್ಲ ಹತ್ತು ನಿಮಿಷದಲ್ಲಿ ತರುವವರು ತರಲಿ. ಸೊಪ್ಪು, ಹೂವು, ಹಾಲು ಇವುಗಳಲ್ಲಿ ಒಂದನ್ನಾದರೂ ನಡೆದುಹೋಗಿ, ಒಬ್ಬರ ಹತ್ತಿರವೇ, ಸುಮಾರು ಒಂದೇ ಹೊತ್ತಿಗೆ ತೆಗೆದುಕೋ. ಎರಡು ರೂಪಾಯಿ ಹೆಚ್ಚಾದರೆ ಆಗಲಿ. ಮೊದಲ ತಿಂಗಳು ಏನೂ ಆಗುವುದಿಲ್ಲ. ಆಮೇಲೊಂದು ದಿನ ಆಕೆ ಕೇಳದೆಯೇ ಎಳೆ ಸೊಪ್ಪಿನ ಕಟ್ಟನ್ನು ಆರಿಸಿ ಕೊಡುತ್ತಾಳೆ. ಇನ್ನೊಂದು ದಿನ "ನಾಲ್ಕು ದಿನದಿಂದ ಕಾಣಲೇ ಇಲ್ಲ, ಹುಷಾರಿರಲಿಲ್ವಾ?" ಅನ್ನುತ್ತಾಳೆ. ನೀನು ಕಾಣಲಿಲ್ಲವೆಂದು ಗಮನಿಸುವವರು ನಿನ್ನ ಮನೆಯಿಂದ ಇನ್ನೂರು ಹೆಜ್ಜೆಯೊಳಗೆ ಒಬ್ಬರಾದರೂ ಇರಬೇಕು. ಊರಿನಲ್ಲಿರುವ ನಿನ್ನ ಅಮ್ಮನಿಗಿಂತ ಅವರಿಗೆ ಮೊದಲು ಗೊತ್ತಾಗುತ್ತದೆ.

ಒಂದೇ ಹೊತ್ತು, ಒಂದೇ ಜಾಗ ಅನ್ನುವುದು ದೊಡ್ಡ ಗುಟ್ಟು, ಕಣೇ. ಗವೀಪುರದಲ್ಲಿದ್ದ ಮಾಸ್ತಿಯವರು ಇಳಿವಯಸ್ಸಿನಲ್ಲೂ ಸಂಜೆಯಾದರೆ ಬಸವನಗುಡಿಯ ಕ್ಲಬ್ಬಿಗೆ ಹೊರಡುತ್ತಿದ್ದರು. ದಾರಿಯಲ್ಲಿ ನಿಲ್ಲಿಸಿ ಮಾತಾಡಿಸಿದ್ದನ್ನು ನೆನೆಯುವವರು ಆ ಕಡೆ ಬಹಳ ಮಂದಿ. ಅಷ್ಟು ದೊಡ್ಡ ಲೇಖಕರು ಅಂಗಡಿಯವನಿಗೂ ಗುರುತಿದ್ದದ್ದು ಪುಸ್ತಕದಿಂದಲ್ಲ, ಆ ನಡಿಗೆಯಿಂದ. ನಿನ್ನ ವಯಸ್ಸಿನವರಿಗೂ ಇದು ಗೊತ್ತಾಗತೊಡಗಿದೆ. ಕಬ್ಬನ್ ಪಾರ್ಕಿನಲ್ಲಿ ಶನಿವಾರ ಬೆಳಗ್ಗೆ ಮರದ ಕೆಳಗೆ ಪುಸ್ತಕ ಹಿಡಿದು ಸುಮ್ಮನೆ ಓದುವ ಹುಡುಗ ಹುಡುಗಿಯರ ಗುಂಪೊಂದಿದೆ. ಅವರು ಮಾತೂ ಆಡುವುದಿಲ್ಲವಂತೆ! ಮೊದಲು ಕೇಳಿದಾಗ ನಕ್ಕೆ. ಆಮೇಲೆ ಸರಿ ಅನ್ನಿಸಿತು. ವಾರವಾರವೂ ಅದೇ ಮುಖಗಳ ಪಕ್ಕ ಕೂರುವುದೇ ಅರ್ಧ ಕೆಲಸ.

ಇದನ್ನು ಮುದುಕಿಯ ಹಳಹಳಿಕೆ ಅಂದುಕೊಳ್ಳಬೇಡ. ಮಾರ್ಕ್ ಗ್ರನೊವೆಟರ್ ಎಂಬ ಅಮೆರಿಕದ ಸಮಾಜಶಾಸ್ತ್ರಜ್ಞರು 1973ರಲ್ಲಿ ಪ್ರಕಟಿಸಿದ ಲೇಖನವೊಂದಿದೆ. ಪರಿಚಯದವರ ಮೂಲಕ ಹೊಸ ಕೆಲಸ ಸಿಕ್ಕವರನ್ನು, ಆ ಪರಿಚಯದವರನ್ನು ಎಷ್ಟು ಸಲ ನೋಡುತ್ತಿದ್ದಿರಿ ಎಂದು ಅವರು ಕೇಳಿದ್ದರು. ಆಗಾಗ ನೋಡುತ್ತಿದ್ದೆವು ಅಂದವರು ನೂರಕ್ಕೆ ಹದಿನೇಳು ಮಂದಿ ಮಾತ್ರ. ಮಿಕ್ಕವರಿಗೆಲ್ಲ ಕೆಲಸದ ಸುದ್ದಿ ಬಂದದ್ದು ಆಗೊಮ್ಮೆ ಈಗೊಮ್ಮೆ ಸಿಗುವವರಿಂದ. ಆಪ್ತರಿಗೆ ಗೊತ್ತಿರುವುದು ನಮಗೂ ಗೊತ್ತಿರುತ್ತದೆ; ಹೊಸ ಸುದ್ದಿ ಬರುವುದು ದೂರದ ಪರಿಚಯದಿಂದ. ಕೊನೆಗೂ ನನಗೆ ಬಾಡಿಗೆ ಮನೆ ಸಿಕ್ಕಿದ್ದು ಯಾರಿಂದ? ನಂಟರಿಂದಲ್ಲ. ನವರಂಗ್ ಬಸ್‌ಸ್ಟಾಪಿನಲ್ಲಿ ದಿನಾ ನನ್ನ ಪಕ್ಕ ನಿಲ್ಲುತ್ತಿದ್ದ ನರ್ಸಮ್ಮನಿಂದ. ಆಕೆಯ ಪೂರ್ತಿ ಹೆಸರು ಕೂಡ ಆಗ ನನಗೆ ಗೊತ್ತಿರಲಿಲ್ಲ.

ನೀನು ಬಸ್‌ಸ್ಟಾಪಿನಲ್ಲಿ ನಿಲ್ಲುವುದೇ ಇಲ್ಲ. ಆಫೀಸಿನ ಕ್ಯಾಬ್ ಬರುತ್ತದೆ. ವಾರಕ್ಕೊಂದು ದಿನವಾದರೂ ಅದನ್ನು ಬಿಟ್ಟು ಬಸ್ಸು ಹತ್ತು. 2023ರ ಜೂನ್ 11ರಿಂದ ಶಕ್ತಿ ಯೋಜನೆಯಲ್ಲಿ ರಾಜ್ಯದ ಹೆಂಗಸರಿಗೆ ಸಾಮಾನ್ಯ ಬಸ್ಸುಗಳಲ್ಲಿ ಟಿಕೆಟ್ಟಿಗೆ ದುಡ್ಡಿಲ್ಲ. ಅದರ ಪರ ವಿರೋಧ ಎಲ್ಲ ಆಗಲಿ. ನಾನು ಕಂಡದ್ದು ಇಷ್ಟು: ಮನೆಗೆಲಸದವರು, ಗಾರ್ಮೆಂಟ್ಸ್ ಹುಡುಗಿಯರು, ನಿನ್ನ ಆಫೀಸಿನ ನೆಲ ಒರೆಸುವವರು ಈಗ ಬಸ್ಸಿನಲ್ಲಿ ಗಟ್ಟಿಯಾಗಿ ಮಾತಾಡಿಕೊಂಡು ಹೋಗುತ್ತಾರೆ. ಮೆಟ್ರೋದಲ್ಲಿ ಆ ಗಲಾಟೆ ಇಲ್ಲ. 2011ರ ಅಕ್ಟೋಬರಿನಲ್ಲಿ ಬೈಯಪ್ಪನಹಳ್ಳಿಯಿಂದ ಎಂ.ಜಿ. ರೋಡಿಗೆ ಮೊದಲ ರೈಲು ಬಿಟ್ಟಾಗ ಜನ ಕಿಟಕಿಯಾಚೆ ಕೈತೋರಿಸುತ್ತ ಗುರುತಿಲ್ಲದವರ ಜತೆಯೂ ಮಾತಿಗಿಳಿಯುತ್ತಿದ್ದರು. ಈಗ ಚಲ್ಲಘಟ್ಟದಿಂದ ವೈಟ್‌ಫೀಲ್ಡಿನವರೆಗೆ ಒಂದೇ ಲೈನು. ಅಷ್ಟು ದೂರ ಭುಜಕ್ಕೆ ಭುಜ ತಾಗಿಸಿ ನಿಂತರೂ ಎಲ್ಲರ ಕಿವಿಯೂ ಮುಚ್ಚಿರುತ್ತದೆ. ತಪ್ಪೆನ್ನುವುದಿಲ್ಲ, ದಣಿದಿರುತ್ತಾರೆ. ನಿನ್ನ ಕಿವಿ ಮಾತ್ರ ಒಂದಾದರೂ ತೆರೆದಿರಲಿ.

ನಿನ್ನ ಊಟ ಹೊತ್ತು ತರುವ ಹುಡುಗರ ವಿಷಯ ಹೇಳಬೇಕು. ಅವರಿಗೆಂದು ನಮ್ಮ ರಾಜ್ಯ 2025ರಲ್ಲಿ ಒಂದು ಕಾನೂನು ಮಾಡಿದೆ, ಗಿಗ್ ಕಾರ್ಮಿಕರ ಕ್ಷೇಮಕ್ಕೆ. ಕಾನೂನು ತನ್ನ ಕೆಲಸ ಮಾಡಲಿ. ನಿನ್ನ ಕೆಲಸ ಬಾಗಿಲು ತೆರೆದು ಮುಖ ನೋಡಿ "ಥ್ಯಾಂಕ್ಸ್ ಅಣ್ಣ, ನೀರು ಬೇಕಾ?" ಅನ್ನುವುದು. ಮಳೆಯಲ್ಲಿ ಬಂದವನಿಗೆ ಐದು ಸ್ಟಾರ್ ಕೊಟ್ಟು ಬಾಗಿಲ ಹೊರಗೇ ಇಟ್ಟು ಹೋಗು ಅನ್ನುವುದರಲ್ಲಿ ಏನೋ ಕೊರತೆಯಿದೆ. ಒಂದು ಅಪಾರ್ಟ್‌ಮೆಂಟಿಗೆ ಹೋಗಿದ್ದೆ, ಅಲ್ಲಿ ಮನೆಗೆಲಸದವರಿಗೂ ಡೆಲಿವರಿಯವರಿಗೂ ಬೇರೆ ಲಿಫ್ಟ್. ನನ್ನ ಜತೆಗಿದ್ದವರು "ಸೆಕ್ಯೂರಿಟಿಗೆ ಆಂಟಿ" ಅಂದರು. ಹಿಂದೆ ಹಿತ್ತಿಲ ಬಾಗಿಲಿಗೆ ಬಾ ಅನ್ನುತ್ತಿದ್ದವರೂ ಇಂಥದೇ ಏನೋ ಒಂದು ಕಾರಣ ಹೇಳುತ್ತಿದ್ದರು. ಅಂಥ ಲಿಫ್ಟ್ ಕಂಡರೆ ನೀನು ಅದರಲ್ಲೇ ಹತ್ತು.

ಕಸದ ಗಾಡಿಯ ಅಕ್ಕನ ಹೆಸರು, ಗೇಟಿನ ವಾಚ್‌ಮನ್‌ನ ಹೆಸರು ತಿಳಿದಿರಲಿ. ರಾತ್ರಿ ಎರಡು ಗಂಟೆಗೆ ಆಂಬುಲೆನ್ಸ್ ಬಂದರೆ ಗೇಟು ತೆರೆದು, ಯಾವ ಮಹಡಿ ಎಂದು ತೋರಿಸುವವನು ಅವನೇ. ನೇಪಾಳದವನೋ ರಾಯಚೂರಿನವನೋ, ಅವನಿಗೂ ಒಂದು ಊರಿದೆ, ಅಲ್ಲಿ ಅವನ ಫೋನಿಗೆ ಕಾಯುವವರಿದ್ದಾರೆ. ಆದರೆ ಹೆಸರು ಕೇಳಿ ಹಬ್ಬಕ್ಕೆ ಐನೂರು ರೂಪಾಯಿ ಕೊಟ್ಟರೆ ಆಯಿತು ಅಂದುಕೊಳ್ಳಬೇಡ. ಕೊಡುವುದು ಸುಲಭ; ಕೊಡುವವರು ಯಾವಾಗಲೂ ಮೇಲೆ ನಿಂತಿರುತ್ತಾರೆ. ಅವರಿಂದ ನೀನೂ ಒಂದಿಷ್ಟು ತೆಗೆದುಕೊಳ್ಳಬೇಕು.

ಇಲ್ಲಿಯೇ ನಿನ್ನ ತಲೆಮಾರು ಸೋಲುವುದು. ನಿಮಗೆ ಕೇಳಲು ಬರುವುದಿಲ್ಲ. ಜ್ವರ ಬಂದು ಮಲಗಿದರೂ ಪಕ್ಕದ ರೂಮಿನ ಹುಡುಗಿಗೆ ಹೇಳದೆ ಮಾತ್ರೆಯನ್ನೂ ಗಂಜಿಯನ್ನೂ ಫೋನಿನಲ್ಲೇ ತರಿಸಿಕೊಳ್ಳುತ್ತೀರಿ. "ಯಾಕೆ ತೊಂದರೆ ಕೊಡೋದು" ಅನ್ನುತ್ತೀರಿ. ಬಹಳ ಸಭ್ಯವಾದ ಮಾತು. ಆದರೆ ನೀನೇ ಕೇಳದ ಸಹಾಯವನ್ನು ಆಕೆ ನಿನ್ನ ಹತ್ತಿರ ಹೇಗೆ ಕೇಳಿಯಾಳು? ಒಬ್ಬರು ಮೊದಲು ಸಣ್ಣವರಾಗಬೇಕು. ಒಂದು ಎಸಳು ಕರಿಬೇವು, ಒಂದು ಹಿಡಿ ಸಕ್ಕರೆ, ಇಸ್ತ್ರಿ ಪೆಟ್ಟಿಗೆ, ಚಾರ್ಜರು, ಏನಾದರೂ ಕೇಳು. ಇದ್ದರೂ ಕೇಳು. ನಮ್ಮ ಕಡೆ ಒಂದು ಪದ್ಧತಿ ನಿನಗೂ ಗೊತ್ತಿದೆ: ಯಾರಾದರೂ ಪಾತ್ರೆಯಲ್ಲಿ ಏನಾದರೂ ಕೊಟ್ಟರೆ ಆ ಪಾತ್ರೆಯನ್ನು ಬರಿದಾಗಿ ಹಿಂತಿರುಗಿಸುವುದಿಲ್ಲ. ಏನೂ ಇಲ್ಲದಿದ್ದರೆ ನಾಲ್ಕು ಕಾಳು ಸಕ್ಕರೆಯಾದರೂ ಹಾಕಿ ಕೊಡುತ್ತೇವೆ. ನಮ್ಮ ಅಮ್ಮ ಇದನ್ನು ಶಾಸ್ತ್ರ ಅನ್ನುತ್ತಿದ್ದಳು. ನನಗೆ ಇದು ಬಹಳ ಜಾಣ ಲೆಕ್ಕಾಚಾರವಾಗಿ ಕಾಣುತ್ತದೆ. ಪಾತ್ರೆ ಆ ಮನೆಯಿಂದ ಈ ಮನೆಗೆ ಓಡಾಡುತ್ತಲೇ ಇರುತ್ತದೆ, ಲೆಕ್ಕ ಎಂದೂ ಮುಗಿಯುವುದಿಲ್ಲ, ಯಾರು ಯಾರಿಗೆ ಬಾಕಿ ಎಂಬುದು ಕೊನೆಗೆ ಇಬ್ಬರಿಗೂ ಮರೆತುಹೋಗುತ್ತದೆ. ಬಿಸಾಡುವ ಡಬ್ಬಿಯಲ್ಲಿ ಊಟ ಬಂದರೆ ಈ ಓಡಾಟ ಇಲ್ಲ. ನೀನು ಸ್ಟೀಲಿನ ಡಬ್ಬಿಯಲ್ಲೇ ಕೊಡು. ವಾಪಸ್ಸು ಕೇಳು.

2024ರ ಮಾರ್ಚಿನ ನೀರಿನ ಕಷ್ಟ ನಿನಗೆ ಗೊತ್ತಿಲ್ಲ, ಆಗ ನೀನಿನ್ನೂ ಹಾಸ್ಟೆಲಿನಲ್ಲಿದ್ದೆ. ಬೋರ್‌ವೆಲ್‌ಗಳು ಬತ್ತಿ, ಟ್ಯಾಂಕರಿಗೆ ಸರ್ಕಾರವೇ ದರ ಗೊತ್ತು ಮಾಡಬೇಕಾಯಿತು. ಊರು ಬೆಳೆದದ್ದೂ ಹಾಗೆ: 1971ರ ಜನಗಣತಿಯಲ್ಲಿ ಸುಮಾರು 16.5 ಲಕ್ಷ ಇದ್ದ ಇಲ್ಲಿನ ಜನ 2011ರ ಹೊತ್ತಿಗೆ ಸುಮಾರು 85 ಲಕ್ಷವಾಗಿದ್ದರು; ಆಮೇಲೆ ಎಷ್ಟಾದರೋ ಗಣತಿ ಬಂದಾಗ ನೋಡಬೇಕು. 1974ರಲ್ಲಿ ಕಾವೇರಿಯ ನೀರು ಮೊದಲ ಹಂತದಲ್ಲಿ ಊರಿಗೆ ಬಂದಾಗ ವಠಾರದ ನಲ್ಲಿಗೆ ಪೂಜೆ ಮಾಡಿದವರು ನಾವು. ಮೈಲುಗಟ್ಟಲೆ ದೂರದಿಂದ ಪಂಪಿನಲ್ಲಿ ಎತ್ತಿ ತರುವ ನೀರು ಅದು. ಊರಿನ ಹೊಸ ಅಂಚುಗಳಿಗೆ ಬಹುಕಾಲ ಅದು ಮುಟ್ಟಲೇ ಇಲ್ಲ. ನನ್ನ ತಮ್ಮನ ಮಗನ ಅಪಾರ್ಟ್‌ಮೆಂಟು ಅಂಥ ಅಂಚಿನಲ್ಲಿದೆ. ಅಲ್ಲಿನ ವಾಟ್ಸ್ಆ್ಯಪ್ ಗುಂಪಿನಲ್ಲಿ ಹಗಲಿರುಳೂ ಬೈದಾಟ. ಒಂದು ಸಂಜೆ ನಾಲ್ಕು ಮಂದಿ ಫೋನು ಬದಿಗಿಟ್ಟು ನೆಲಮಾಳಿಗೆಗೆ ಇಳಿದು ಸಂಪಿನ ಹತ್ತಿರ ನಿಂತರು. ಯಾವ ಬ್ಲಾಕಿಗೆ ಯಾವ ವಾಲ್ವು ಎಂಬುದು ಕಮಿಟಿಯ ಯಾರಿಗೂ ಗೊತ್ತಿರಲಿಲ್ಲ, ಹೌಸ್‌ಕೀಪಿಂಗಿನ ಒಬ್ಬಾಕೆಗೆ ಗೊತ್ತಿತ್ತು. ಗಂಟೆ ನೋಡಿ ನೀರು ಬಿಡುವ ಪಟ್ಟಿ ಅವತ್ತೇ ಆಯಿತು. ವರ್ಷಗಳಿಂದ ಒಂದೇ ಲಿಫ್ಟಿನಲ್ಲಿ ಏರಿ ಇಳಿದಿದ್ದವರು ಒಬ್ಬರಿಗೊಬ್ಬರು ಹೆಸರು ಹೇಳಿಕೊಂಡದ್ದು ಆ ಸಂಪಿನ ಪಕ್ಕ. ನೀರು ಬತ್ತುವವರೆಗೆ ಕಾಯಬೇಕಾಗಿರಲಿಲ್ಲ ಎಂಬುದು ನನ್ನ ಅಭಿಪ್ರಾಯ.

ಭಾಷೆಯ ವಿಷಯ ಚಿಕ್ಕದಾಗಿ ಹೇಳಿಬಿಡುತ್ತೇನೆ, ಈಗೀಗ ಅದನ್ನೆತ್ತಿದರೆ ಜಗಳವೇ. ನಿನ್ನ ರೂಮ್‌ಮೇಟ್ ಒಡಿಶಾದವಳು ಅಂದೆ. ಅವಳ ಜತೆ ಇಂಗ್ಲಿಷಿನಲ್ಲೇ ಮುಗಿಸಿಬಿಡಬೇಡ. ದಿನಕ್ಕೊಂದು ಕನ್ನಡ ಮಾತು ಕಲಿಸು, ಒಂದು ಒಡಿಯಾ ಮಾತು ಕಲಿ. ಈ ಊರಿನ ಪೇಟೆಗಳಲ್ಲಿ ಮನೆಯೊಳಗೆ ತೆಲುಗು, ತಮಿಳು, ಉರ್ದು, ಮರಾಠಿ ಆಡಿ ಬೀದಿಗೆ ಬಂದರೆ ಕನ್ನಡ ಆಡುವವರು ಎಷ್ಟೋ ತಲೆಮಾರಿನಿಂದ ಇದ್ದಾರೆ. ಅವರಿಗೆ ಯಾರೂ ಬೈದು ಕಲಿಸಲಿಲ್ಲ, ಅಂಗಡಿ ಬೀದಿ ಕಲಿಸಿತು. ಕಾರ್ತಿಕದ ಕೊನೆಯ ಸೋಮವಾರ ಬಸವನಗುಡಿಯಲ್ಲಿ ಕಡಲೆಕಾಯಿ ಪರಿಷೆ. ಅವಳನ್ನು ಕರೆದುಕೊಂಡು ಹೋಗು, ಒಂದು ಸೇರು ಕಡಲೆಕಾಯನ್ನು ಅವಳ ಬಾಯಿಂದಲೇ ಕೇಳಿಸು. ಮಿಕ್ಕದ್ದು ತಾನಾಗಿ ಬರುತ್ತದೆ.

ಇನ್ನು ಸಾವು ನೋವಿನ ಮಾತು. ನಿನ್ನ ವಯಸ್ಸಿಗೆ ಇದು ದೂರ ಅನ್ನಿಸಬಹುದು. ಆದರೆ ಜತೆಯಲ್ಲಿ ಕೆಲಸ ಮಾಡುವವರ ಅಪ್ಪಂದಿರು ತೀರಿಕೊಳ್ಳುವುದು ನಿನ್ನ ಈ ವಯಸ್ಸಿನಲ್ಲೇ ಶುರುವಾಗುತ್ತದೆ. ಸುದ್ದಿ ಬರುತ್ತದೆ, ಗುಂಪಿನಲ್ಲಿ ಒಬ್ಬರಾದಮೇಲೊಬ್ಬರು ಕೈಮುಗಿದ ಚಿತ್ರ ಹಾಕುತ್ತಾರೆ, ಸಂಜೆಗೆ ಅದೇ ಗುಂಪಿನಲ್ಲಿ ಯಾರದೋ ಹುಟ್ಟುಹಬ್ಬದ ಕೇಕು. ಫಾರ್ವರ್ಡ್ ಮಾಡುವವರನ್ನು ನಾನು ಬೈಯುವುದಿಲ್ಲ. ನಮ್ಮ ಕಾಲದ ಶುಭಾಶಯದ ತಂತಿಗೂ ಸಿದ್ಧವಾಕ್ಯಗಳಿದ್ದವು, ಒಂದೊಂದಕ್ಕೂ ಒಂದು ನಂಬರು. ಮದುವೆಗೆ ಇಂಥದು, ಹಬ್ಬಕ್ಕೆ ಇಂಥದು ಎಂದು ಫಾರಂನಲ್ಲಿ ನಂಬರು ಬರೆದರೆ ಸಾಕು, ಆ ತುದಿಯಲ್ಲಿ ವಾಕ್ಯ ಇಳಿಯುತ್ತಿತ್ತು. 2013ರ ಜುಲೈಯಲ್ಲಿ ತಂತಿ ಸೇವೆಯೇ ನಿಂತಿತು. ಹಾಗಾಗಿ ಸಿದ್ಧವಾಕ್ಯ ಕಳಿಸುವುದು ಹೊಸ ಪಾಪವೇನಲ್ಲ. ಆದರೆ ಸಾವಿನ ತಂತಿ ಬಂದರೆ ನಂಬರು ಬರೆದು ಸುಮ್ಮನಾಗುತ್ತಿರಲಿಲ್ಲ, ಬಸ್‌ಸ್ಟ್ಯಾಂಡಿಗೆ ಹೋಗುತ್ತಿದ್ದರು.

ನೀನೂ ಹೋಗು. ಟ್ರಾಫಿಕ್ಕಿನಲ್ಲಿ ಎರಡು ಗಂಟೆಯಾದರೂ ಹೋಗು. ಏನು ಮಾತಾಡಬೇಕು ಎಂದು ಗೊತ್ತಾಗುವುದಿಲ್ಲ, ಯಾರಿಗೂ ಗೊತ್ತಾಗುವುದಿಲ್ಲ. ಹೋಗಿ ಒಂದು ಮೂಲೆಯಲ್ಲಿ ಕೂತುಕೋ. ಆ ಮನೆಯಲ್ಲಿ ಒಲೆ ಹಚ್ಚಿರುವುದಿಲ್ಲ. ಕುಡಿಯುವ ನೀರು, ಮಕ್ಕಳಿಗೆ ಬಿಸ್ಕತ್ತು, ಫ್ಲಾಸ್ಕಿನಲ್ಲಿ ಕಾಫಿ ಇಷ್ಟು ಜತೆಗಿರಲಿ. ಚಪ್ಪಲಿ ಸರಿಸಿ ದಾರಿ ಮಾಡು, ಬಂದವರಿಗೆ ಕುರ್ಚಿ ಹಾಕು. ನಿನ್ನ ತಾತ ಹೋದಾಗ ಯಾರು ಯಾವ ಸಂತಾಪ ಬರೆದರು ಎಂಬುದು ನನಗೆ ನೆನಪಿಲ್ಲ. ಹೆಸರೇ ಗೊತ್ತಿಲ್ಲದ ಹಾಲಿನ ಹುಡುಗ ಬಂದು ಶಾಮಿಯಾನದ ಗೂಟ ಹಿಡಿದು ನಿಂತದ್ದು ನೆನಪಿದೆ. ಹದಿಮೂರು ದಿನ ಕಳೆದಮೇಲೆ, ಎಲ್ಲರೂ ಹೊರಟುಹೋದಮೇಲೆ, ಇನ್ನೊಮ್ಮೆ ಹೋಗು. ಆಗ ಯಾರೂ ಬರುವುದಿಲ್ಲ.

ಆಸ್ಪತ್ರೆಯದೂ ಹಾಗೇ. ಹಗಲು ನೋಡಲು ಬರುವವರು ಬೇಕಾದಷ್ಟು ಮಂದಿ, ರಾತ್ರಿ ಬೆಂಚಿನ ಮೇಲೆ ಮಲಗುವವರು ಸಿಗುವುದಿಲ್ಲ. "ಏನಾದ್ರೂ ಬೇಕಿದ್ರೆ ಹೇಳಿ" ಅನ್ನಬೇಡ, ಯಾರೂ ಹೇಳುವುದಿಲ್ಲ. "ನಾಳೆ ರಾತ್ರಿ ನಾನಿರ್ತೀನಿ, ನೀವು ಮನೆಗೆ ಹೋಗಿ ಮಲಗಿ" ಅನ್ನು.

ನಿನ್ನ ಅಮ್ಮನ ದೂರು ಬೇರೆಯೇ. ಫೋನ್ ಮಾಡಿದರೆ "ಏನು ವಿಷಯ?" ಅನ್ನುತ್ತೀಯಂತೆ. ವಿಷಯ ಇರಲೇಬೇಕೇನೇ? ಟ್ರಂಕ್ ಬೋರ್ಡಿನಲ್ಲಿ ಲೈನು ಸರಿಯಿದೆಯೇ ಎಂದು ನೋಡಲು ಮೊದಲೆರಡು ಮಾತು ನಮ್ಮ ಕಿವಿಗೆ ಬೀಳುತ್ತಿತ್ತು. ಗಂಟೆಗಟ್ಟಲೆ ಕಾದು, ಮೂರು ನಿಮಿಷಕ್ಕೆ ಅಷ್ಟು ದುಡ್ಡು ತೆತ್ತು ಜನ ಮೊದಲು ಏನು ಕೇಳುತ್ತಿದ್ದರು ಗೊತ್ತೇ? "ಮಳೆ ಬಂತಾ?" ಅಂತ. ಹೊಸದಾಗಿ ಸೇರಿದಾಗ ನನಗೆ ಸಿಟ್ಟು ಬರುತ್ತಿತ್ತು, ಪೇಪರಿನಲ್ಲಿ ಬರುವ ಸುದ್ದಿಗೆ ಟ್ರಂಕ್ ಕಾಲೇ ಎಂದು. ಆಮೇಲೆ ಗೊತ್ತಾಯಿತು, ಅವರಿಗೆ ಬೇಕಾದದ್ದು ಮಳೆಯ ಲೆಕ್ಕವಲ್ಲ. ಊರಿನ ಮನೆಯ ಹಂಚಿನ ಕೆಳಗೆ ಆ ಕ್ಷಣ ತಾವೂ ನಿಲ್ಲಬೇಕಿತ್ತು. ನೀನೂ ಅಮ್ಮನಿಗೆ ಪ್ರಮೋಷನ್ನು, ಸಂಬಳ ಅಂತ ದೊಡ್ಡ ಸುದ್ದಿ ಹುಡುಕಬೇಡ. ಬೆಳಗ್ಗೆ ಉಪ್ಪಿಟ್ಟು ಗಂಟಾಗಿತ್ತು, ಕಿಟಕಿಯಲ್ಲಿ ಪಾರಿವಾಳ ಗೂಡು ಕಟ್ಟಿದೆ, ಮೇಲಿನ ರೂಮಿನವಳು ರಾತ್ರಿಯೆಲ್ಲ ಕುರ್ಚಿ ಎಳೆಯುತ್ತಾಳೆ ಎಂದು ಹೇಳು. ನಿನ್ನ ದಿನ ಹೇಗಿದೆ ಎಂದು ಅವಳ ಕಣ್ಣಿಗೆ ಕಟ್ಟಲಿ. ಇಲ್ಲದಿದ್ದರೆ ಅವಳು ಭಯದಿಂದಲೇ ಅದನ್ನು ಕಟ್ಟಿಕೊಳ್ಳುತ್ತಾಳೆ.

ಎಲ್ಲರನ್ನೂ ಹಚ್ಚಿಕೋ ಎಂದು ಮಾತ್ರ ನಾನು ಹೇಳಿಲ್ಲ. ನೀನು ಎಷ್ಟು ಹೊತ್ತಿಗೆ ಬರುತ್ತೀಯ, ಯಾರ ಜತೆ ಬರುತ್ತೀಯ ಎಂದು ಲೆಕ್ಕ ಇಡುವವರಿಂದ ದೂರವಿರು. ಒಂದು ಉಪಕಾರ ಮಾಡಿ ಹತ್ತು ಸಲ ನೆನಪಿಸುವವರ ಹಂಗು ಬೇಡವೇ ಬೇಡ. ನಿನ್ನ ಮನಸ್ಸು ಬೇಡ ಅಂದ ಕಡೆ ಮುಲಾಜಿಗೆ ನಿಲ್ಲಬೇಡ. ಹಂಗು ಹೊರೆಯಾದ ದಿನ ಇಳಿಸಿ ನಡೆಯುವ ಧೈರ್ಯ ನಿನಗಿದೆ, ಅದು ನಮಗಿರಲಿಲ್ಲ.

ಒಂಟಿತನಕ್ಕೆ ನಾಚಿಕೊಳ್ಳಲೂ ಬೇಡ. ಲೋಕದಲ್ಲಿ ಆರು ಜನರಲ್ಲಿ ಒಬ್ಬರನ್ನು ಅದು ಕಾಡುತ್ತಿದೆ ಎಂದು ವಿಶ್ವ ಆರೋಗ್ಯ ಸಂಸ್ಥೆಯ ಆಯೋಗವೊಂದು 2025ರ ವರದಿಯಲ್ಲಿ ಹೇಳಿದೆ. ಅದು ಮುದುಕರ ಕಾಯಿಲೆ ಅಂದುಕೊಂಡಿದ್ದೆ. ಹರೆಯದವರಲ್ಲೇ ಇನ್ನೂ ಹೆಚ್ಚಂತೆ. ರಾತ್ರಿ ತಡೆಯಲಾರದಷ್ಟು ಭಾರವಾದರೆ 14416ಕ್ಕೆ ಫೋನ್ ಮಾಡು. ಅದು ಸರ್ಕಾರದ ಟೆಲಿ ಮಾನಸ್, ಹಗಲೂ ರಾತ್ರಿಯೂ ಇರುತ್ತದೆ, ದುಡ್ಡಿಲ್ಲ, ಕನ್ನಡದಲ್ಲೇ ಮಾತಾಡುತ್ತಾರೆ. ನನಗೂ ಮಾಡಬಹುದು. ಮುದುಕರಿಗೆ ನಿದ್ದೆ ಕಡಿಮೆ, ಎತ್ತುತ್ತೇನೆ.

ಈ ವಾರ ಒಂದು ಕೆಲಸ ಮಾಡು. ನಿನ್ನ ಎದುರು ರೂಮಿನ ಹುಡುಗಿಯ ಬಾಗಿಲು ತಟ್ಟು. ಮೆಸೇಜು ಬೇಡ, ಬಾಗಿಲೇ ತಟ್ಟು. ನಿನ್ನ ಅಮ್ಮನ ನಂಬರನ್ನು ಅವಳಿಗೆ ಬರೆದುಕೊಡು, ಅವಳ ಮನೆಯವರ ನಂಬರನ್ನು ನೀನು ಬರೆದುಕೋ. ನಿನಗೆ ಏನಾದರೂ ಆದರೆ ನಮ್ಮ ನಂಬರು ತಿಳಿದು ನಮಗೆ ಹೇಳುವವರು ನಿನ್ನ ಸುತ್ತ ಇವತ್ತಿನವರೆಗೆ ಒಬ್ಬರೂ ಇಲ್ಲ.